ಹದಿನೇಳು ಪಾಯಿಂಟ್ ಎರಡು

ಗೋಕುಲ ರೋಡಿನ ಶೆಡ್ಡಿನಾಗ
ಲ್ಯಾಪ್‌ಟಾಪಿಂದು ಒಂದ ಹಟ: ಹದಿನೇಳು ಪಾಯಿಂಟ್ ಎರಡು.
ಗಾಳಿ ಹೆಚ್ಚು, ಪೆಟ್ರೋಲ್ ಸಾಲವಲ್ದು.
ಮೂರು ದಿನದಿಂದ ಫಕೀರೇಶ
ಮ್ಯಾಪಿನ ಮನಿಮನಿಗೂ ಸುರುವ್ಯಾನ.

ಪ್ಲಗ್ ಬಿಚ್ಚಿದರ
ಒಲಿ ಮ್ಯಾಲಿನ ಗಡಗಿ ತಳದಂಗ ಕರ್ರಗ.

"ಸೆನ್ಸರ್ ಸುಳ್ಳ ಹೇಳತೈತಿ ಕಾಕಾ,
ಇದು ಎರಡನೇದು."

ದಾವಲಸಾಬ ಮಾತಾಡಲಿಲ್ಲ.
ತಣ್ಣನ ಗಾಡಿ ಚಾಲೂ ಮಾಡಿಸಿ
ಊದಿನಕಡ್ಡಿ ಹಿಡಕೊಂಡು ಕೆಳಗ ಹೊಕ್ಕ.

ಸೆನ್ಸರಿಗಿಂತ ಗೇಣು ಮೊದಲ, ವೆಲ್ಡಿಂಗ್ ಮಗ್ಗಲಕ್ಕ,
ಹೊಗಿ ನಡುಗಿತು,
ಬಾಗಿತು,
ಕೂದಲೆಳಿ ಬಿರುಕಿನಾಗ ಹೋತು.

"ಸುಳ್ಳಲ್ಲೋ. ಅದರ ಮೂಗಿಗೆ ಬಂದದ್ದು ಖರೇನ ಗಾಳಿ.
ಎಂಜಿನ್ನಿಂದಲ್ಲ, ಅಷ್ಟ."

ಫಕೀರೇಶ ಕಸದ ಡಬ್ಬಿ ಕೆದರಿ
ಮೊದಲನೇ ಸೆನ್ಸರ್ ತಗದು,
ಅಂಗಿಗೆ ಒರಸಿ
ಕಿಸೇದಾಗ ಇಟಗೊಂಡ.