ನಾಲ್ಕು ಪೆನ್ನಿಯ ಅಟ್ಟ

ಡಂಡೀಯಲ್ಲಿ ಕಾರು ನಿಲ್ಲಿಸಲು ಜಾಗ ಕೇಳಿದರೆ
ಈಗ ಎಲ್ಲರೂ ತೋರಿಸುವುದು ಇದನ್ನೇ.
ಮೂರನೇ ಮಹಡಿ, ಎಣ್ಣೆಯ ಕಲೆ, ತೊಟ್ಟಿಕ್ಕುವ ಕೊಳವೆ.
ಹಳೆಯ ನಕಾಶೆ ಹಿಡಿದು ಅಳೆದು ನೋಡಿದ್ದೇನೆ:
ನನ್ನ ಬಂಪರು ನಿಂತಿರುವುದು
ಅಜ್ಜಿಯ ಮೊಣಕಾಲಿನ ಮಟ್ಟಕ್ಕೆ.

ಇಲ್ಲಿತ್ತು ಕ್ಯಾಲಿಪ್ಸೊ ಥಿಯೇಟರ್.
ಅಬರ್ಡೀನಿನಿಂದ ಬಂದ ವಾಸ್ತುಶಿಲ್ಪಿ ಪಿರೀ
ಮುಂಬಾಗಿಲಿಗೆ ಅಮೃತಶಿಲೆ ಹಾಸಿದ,
ಗುಮ್ಮಟಕ್ಕೆ ಗಾರೆಯ ದ್ರಾಕ್ಷಿಗೊಂಚಲು ತೂಗಿಸಿದ.
ಮಾಡು ಹೊದಿಸಿದವರು ತಿಮಿಂಗಿಲ ಬೇಟೆಯ ಹಡಗಿನ ಬಡಗಿಗಳು;
ಅವರಿಗೆ ಕಟ್ಟಲು ಬರುತ್ತಿದ್ದುದು ಹಡಗೊಂದೇ,
ಅದನ್ನೇ ಬೋರಲು ಹಾಕಿದರು.
ಪರದೆಯ ಹಗ್ಗಕ್ಕೂ ಕೆಲಸ ಕಳೆದುಕೊಂಡ ನಾವಿಕರೇ.
ಒಳಗೆ ಯಾರೂ ಸಿಳ್ಳೆ ಹಾಕಕೂಡದು,
ಸಿಳ್ಳೆ ಕೇಳಿದರೆ ಅರಮನೆಯ ನಡುವೆ
ಕಾಡೊಂದು ಇಳಿದುಬಿಡುತ್ತಿತ್ತು,
ಒಮ್ಮೆ ರಾಜನ ತಲೆಯ ಮೇಲೇ.

"ಪಿಸುಮಾತೂ ಕೊನೆಯ ಸಾಲು ಮುಟ್ಟುತ್ತದೆ"
ಎಂದು ಪಿರೀ ಪತ್ರಿಕೆಗೆ ಹೇಳಿದ್ದನಂತೆ.
ಕೊನೆಯ ಸಾಲಿನವರನ್ನು ಅವನು ಕಂಡಿರಲಿಲ್ಲ.

ಅವರಿಗೆ ಬೇರೆಯೇ ಬಾಗಿಲು, ಓಣಿಯ ಕಡೆಯಿಂದ.
ತೊಂಬತ್ತೊಂದು ಮೆಟ್ಟಿಲು, ಜಮಖಾನೆಯಿಲ್ಲ, ದೀಪ ಮೂರೇ.
ಶನಿವಾರ ಸೆಣಬಿನ ಗಿರಣಿ ಬಿಟ್ಟ ಹೆಂಗಸರು
ಕೂದಲಲ್ಲಿ ನಾರಿನ ಧೂಳು ಹೊತ್ತೇ ಏರುತ್ತಿದ್ದರು.
ಕಿವಿ ಕೊಟ್ಟು ಕೇಳಿ ಎನ್ನುತ್ತಾರಲ್ಲ,
ಇವರು ಕೊಟ್ಟುಬಿಟ್ಟಿದ್ದರು,
ಹದಿನಾರು ತುಂಬುವುದರೊಳಗೆ, ಮಗ್ಗಕ್ಕೆ.

ಹಾಗಾಗಿ ನಾಟಕವನ್ನು ತುಟಿಗಳಲ್ಲಿ ಓದುತ್ತಿದ್ದರು.
ನನ್ನಜ್ಜಿ ಯೂಫೀಮಿಯಾ ಡಫ್, ಎಡತುದಿಗೆ ಕೂತು,
ಪರದೆಯ ಮರೆಯಲ್ಲಿ ಮಾತು ಎತ್ತಿಕೊಡುವ
ಹುಡುಗನ ಬಾಯನ್ನೂ ಓದುತ್ತಿದ್ದಳು.
ಬೆರಳಾಡಿಸಿ ಪಕ್ಕದವಳಿಗೆ, ಅವಳು ಆಚೆಯವಳಿಗೆ;
ನಾಯಕ ಜೋಕು ಹೇಳುವ ಮೊದಲೇ
ಅಟ್ಟವೆಲ್ಲ ನಕ್ಕಾಗಿರುತ್ತಿತ್ತು.
ಕೆಳಗೆ ಮಖಮಲ್ಲಿನವರು ತಲೆಯೆತ್ತುತ್ತಿದ್ದರು:
ಈ ಹೆಂಗಸರಿಗೆ ಏನು ಬಡಿದಿದೆ?

ಕೆಡವಿದ ದಿನ ಅವಳಿಗೆ ಎಪ್ಪತ್ತೆಂಟು.
ಎದುರಿನ ಬೇಕರಿಯ ಜಗಲಿಯಲ್ಲಿ ನನ್ನ ಕೈ ಹಿಡಿದು ನಿಂತಳು.
ಕಬ್ಬಿಣದ ಗುಂಡು ಬೀಸಿತು.
ನಾನು ಕಿವಿ ಮುಚ್ಚಿಕೊಂಡೆ.
ಅವಳು ಮುಚ್ಚಬೇಕಿರಲಿಲ್ಲ.
ಧೂಳಿನೊಳಗೆ ಮೇಸ್ತ್ರಿಯ ಬಾಯಿ ಆಡುತ್ತಿತ್ತು.
ಏನಂತೆ, ಎಂದು ಸನ್ನೆ ಮಾಡಿದೆ.
"ಮಾಡು ಬಿಟ್ಟುಕೊಡ್ತಿಲ್ಲವಂತೆ.
ಕಟ್ಟಿದವರನ್ನ ಬೈತಿದಾನೆ," ಎಂದಳು.
ಬೈಗುಳವನ್ನೂ ಒಂದಕ್ಷರ ಬಿಡದೆ ಹೇಳಿದಳು,
ಬೇಕರಿಯವನು ತಿರುಗಿ ನೋಡುವಂತೆ.

ಪಕ್ಕದ ಕಟ್ಟಡದ ಗೋಡೆಯ ಮೇಲೆ ಮಾತ್ರ
ಆ ಮೆಟ್ಟಿಲುಗಳ ಗುರುತಿದೆ: ಗರಗಸದಂಥ ಸುಣ್ಣದ ಗೆರೆ,
ಓಣಿಯಿಂದ ಹೊರಟು ಆಕಾಶದ ಅರ್ಧಕ್ಕೆ.
ಎಣಿಸಿದ್ದೇನೆ. ಎಂಬತ್ತೇಳು.
ಉಳಿದ ನಾಲ್ಕು ಟೂತ್‌ಪೇಸ್ಟಿನ ಜಾಹೀರಾತಿನ ಹಿಂದಿವೆ.
ಮನೆಯಷ್ಟು ದೊಡ್ಡ, ತೆರೆದ ಬಾಯಿ.
ಏನೋ ಹೇಳುತ್ತಿದೆ.
ನನಗೆ ಓದಲು ಬರುವುದಿಲ್ಲ.