ಗಾಳಿ ಹಿಡಿದವನು

ಡೋಲು ಕೆಳಗಿಡು, ಅಂದ ನಾರೆಪ್ಪ.
ಇಪ್ಪತ್ತೆರಡು ವರ್ಷ ಅವನ ಎಡಕ್ಕೆ ಕೂತು ಬಾರಿಸಿದವನು ನಾನು.
ಬೆರಳಿಗೆ ಸುತ್ತಿದ ಗಂಜಿಬಟ್ಟೆ ಇನ್ನೂ ಒಣಗಿರಲಿಲ್ಲ.

ಶಿಡ್ಲಘಟ್ಟದಿಂದ ಚಿಂತಾಮಣಿವರೆಗೆ
ಯಾವ ಛತ್ರ ಬಿಟ್ಟಿದ್ದೇವೆ ನಾವು?
ಅವರಪ್ಪನ ನಾಗಸ್ವರ ಅಟ್ಟ ಸೇರಿದ ವರ್ಷ
ಮುಚ್ಚಿಹೋದ ಯಾವುದೋ ಬ್ಯಾಂಡಿನವರ ಗುಜರಿಯಿಂದ
ಹೊತ್ತು ತಂದ ಈ ಡೊಂಕು ಹಿತ್ತಾಳೆಯನ್ನ.
ಕೊರಳಲ್ಲಿ ಬೆಸುಗೆ, ಎರಡು ಕೀಲಿ ಮಾಯ.
ಪ್ಯಾಡು ತರಿಸಲು ಕಾಸೆಲ್ಲಿ?
ನನ್ನ ಡೋಲಿನ ಸವೆದ ಚರ್ಮದ ಮೇಲೆ
ನಾಲ್ಕಾಣೆ, ಎಂಟಾಣೆ, ರೂಪಾಯಿ ಇಟ್ಟು ಗೀರಿ
ದುಂಡಗೆ ಕತ್ತರಿಸಿ ಅಂಟಿಸಿಕೊಂಡ.
ಮೋಹನವೂ ಬಂತು, ಸಿನಿಮಾ ಹಾಡೂ ಬಂತು,
ಕೊನೇ ಪಂಕ್ತಿಯಿಂದ ಮೂರನೇ ಪಂಕ್ತಿಗೆ ಬಂತು ನಮ್ಮ ಎಲೆ.

ಆಮೇಲೆ ಬಾಗೇಪಲ್ಲಿಯ ಆ ಮದುವೆ.
ಗಟ್ಟಿಮೇಳ, ಗಟ್ಟಿಮೇಳ, ಅಂತ ಪುರೋಹಿತರು ಕೈ ಎತ್ತಿದರು.
ನಾನು ಬಡಿದೆ, ಚಪ್ಪರ ಹಾರಿಹೋಗುವ ಹಾಗೆ.
ಅವನು ಸ್ವರ ಹಿಡಿಯಲಿಲ್ಲ.
ಕೊಳವೆಯೊಳಗೆ ಬರೀ ಉಸಿರು ಬಿಟ್ಟ,
ಹೆರಿಗೆಮನೆ ಬಾಗಿಲ ಸಂದಿಯಲ್ಲಿ ಕೇಳಿಸುತ್ತದಲ್ಲ, ಹಾಗೆ.
ನನ್ನ ಕೈಯೂ ನಿಂತಿತು.
ಅಕ್ಷತೆ ಯಾರ ಮುಷ್ಟಿಯಿಂದಲೂ ಬೀಳಲಿಲ್ಲ.
ಹುಡುಗಿಯ ಸೋದರಮಾವ ಸಂಭಾವನೆಯ ತಟ್ಟೆ ಒದ್ದ.
ಯಾಕೋ, ಅಂದೆ ಬಸ್ಸಿನಲ್ಲಿ.
ತಾಳಿ ಬಿಗಿಯುವಾಗ ಆ ಹುಡುಗಿ ಒಂದು ಉಸಿರು ಬಿಟ್ಟಳು,
ಅದು ಯಾರಿಗೂ ಕೇಳಿಸದಿರಲಿ ಅಂತ ತಾನೇ
ನಮಗೆ ದುಡ್ಡು ಕೊಡೋದು?

ಎರಡು ವರ್ಷ ಯಾರೂ ವೀಳ್ಯ ಕೊಡಲಿಲ್ಲ.
ಗಾಳಿ ಹಿಡಿದಿದೆ ಅಂದಿತು ಊರು.
ಅವರಮ್ಮ ತಲಕಾಯಲಬೆಟ್ಟದ ಕಡೆಯ ಮಂತ್ರವಾದಿಗೆ ತೋರಿಸಿದಳು.
ಬೇವಿನ ಸೊಪ್ಪು ಮುಖಕ್ಕೆ ಬೀಸಿದರೆ
ಇನ್ನೊಂದು ಸಲ, ಇನ್ನೂ ನಿಧಾನಕ್ಕೆ, ಅಂದನಂತೆ.

ಹೊಟ್ಟೆಗೆ ದಸ್ತಗೀರ್ ಸಾಬರ ನೂಲು ಬಿಚ್ಚುವ ಶೆಡ್ಡು.
ಕುದಿವ ಬೋಗುಣಿ, ಸತ್ತ ಹುಳದ ನಾತ, ಒಂಬತ್ತು ಚರಕ.
ಏಳನೆಯದು ಎಣ್ಣೆ ಕಾಣದೆ ಕೀರಲು ಅಳುತ್ತಿತ್ತು.
ಅದಕ್ಕೆ ಎಣ್ಣೆ ಹಾಕಬೇಡಿ ಅಂತ
ಕೂಲಿಯಲ್ಲಿ ದಿನಕ್ಕೆ ಹತ್ತು ರೂಪಾಯಿ ಬಿಟ್ಟುಕೊಟ್ಟ.

ಅಲ್ಲೇ ಒಂದು ರಾತ್ರಿ ಅವನ ‘ಗೂಡು’.
ಒಂಬತ್ತು ಚರಕ, ಒಂದು ಸ್ಯಾಕ್ಸೋಫೋನು, ಕುದಿವ ನೀರು.
ಬರೆದುಕೊಂಡಿದ್ದ, ಗೂಡಿನ ಮಾರ್ಕೆಟ್ಟಿನ ಹರಾಜು ಚೀಟಿಗಳ ಬೆನ್ನ ಮೇಲೆ;
ಯಾವ ಚೀಟಿಯಲ್ಲೂ ನನಗೆ ಜಾಗವಿರಲಿಲ್ಲ.
ಆಗಲೇ ಅಂದದ್ದು, ಡೋಲು ಕೆಳಗಿಡು.
ಕೇಳಲು ಹನ್ನೊಂದು ಜನ. ಇಬ್ಬರಿಗೆ ನಿದ್ದೆ.
ಮುಗಿದಾಗ ದಸ್ತಗೀರ್ ಸಾಬರು ಕಣ್ಣೊರೆಸಿಕೊಂಡು
ಹೊಗೆ, ಅಂದರು.

ಎಲ್ಲಿಂದಲೋ ಒಬ್ಬಳು ಮೈಕು ಹಿಡಿದು ಬಂದಳು,
ಸಿ.ಡಿ. ಆಯಿತು; ಮೇಲೆ ಅವನ ಬರಿಗಾಲಿನ ಫೋಟೋ.
ಪೋಲೆಂಡಿಗೆ ಹೋಗಿಬಂದ.
ಅಲ್ಲಿ ಹಿಮ ಸದ್ದೇ ಮಾಡದೆ ಬೀಳುತ್ತೆ ಕಣೋ,
ನಾನು ಹೋಗಿದ್ದು ದಂಡ, ಅಂದ.
ನನಗೊಂದು ಉಣ್ಣೆ ಟೋಪಿ ತಂದ. ತಲೆಗೆ ಹಿಡಿಸಲಿಲ್ಲ.

ಈಗ ಕೆಳಸಾಲಿನ ಹಲ್ಲು ನಾಲ್ಕು ಹೋಗಿವೆ,
ತುಟಿ ನಿಲ್ಲುವುದಿಲ್ಲ.
ಸಂಜೆ ಜಗುಲಿಯಲ್ಲಿ ಊದದೆಯೇ
ಕೀಲಿ ಮಾತ್ರ ಒತ್ತುತ್ತಾ ಕೂರುತ್ತಾನೆ,
ಟಪ್. ಟಪ್ಟಪ್. ಟಪ್.
ನಾನು ಕೈಕಟ್ಟಿ ಎಡಕ್ಕೆ.
ಮೊನ್ನೆ ಒಂದು ಪ್ಯಾಡು ಕಳಚಿ ನನ್ನ ಕಾಲ ಬಳಿ ಬಿತ್ತು.
ಎತ್ತಿ ಬೆಳಕಿಗೆ ಹಿಡಿದೆ:
ನನ್ನ ಬೆರಳು ಸವೆಸಿದ ಕಲೆ ಹಾಗೇ ಇತ್ತು.
ಕೊಡಿಲ್ಲಿ, ಅಂದ,
ಇನ್ನೂ ಅರ್ಧ ಬಾಕಿ ಇದೆ.