ಕಂಟಿನ್ಯೂಟಿ ಪುಸ್ತಕ

ನನ್ನ ಕೆಲಸ ಇಷ್ಟೇ:
ಲೋಟದಲ್ಲಿ ಚಹಾ ಎಷ್ಟು ಉಳಿದಿತ್ತು,
ಸಿಗರೇಟು ಎಷ್ಟು ಬೆರಳು ಉರಿದಿತ್ತು,
ಯಾವ ಕಾಲು ಮೊದಲು ಹೊಸಿಲು ದಾಟಿತು,
ಬರೆದಿಡುವುದು.
ಮೂವತ್ತೆಂಟು ವರ್ಷ, ಒಂಬತ್ತು ಚಿತ್ರ,
ಶಿಯೋಮಿಯವರ ಮಗ್ಗುಲಲ್ಲಿ ಮಡಚುವ ಸ್ಟೂಲಿನ ಮೇಲೆ.
ಮೊಣಕಾಲೇ ಮೇಜು.

ಚೋಫುವಿನ ಸ್ಟುಡಿಯೋದಲ್ಲಿ ಆಗ ಎಲ್ಲರೂ ಕತ್ತಿ ಬೀಸುವವರೇ.
ಪಕ್ಕದ ಶೆಡ್ಡಿನಲ್ಲಿ ಕುದುರೆ ಲದ್ದಿಯ ವಾಸನೆ;
ನಮ್ಮಲ್ಲಿ ಒಬ್ಬ ಹೆಂಗಸು, ಒಂದು ಪೇರ್ ಹಣ್ಣು, ಒಂದು ಚಾಕು,
ಎದುರಿಗೆ ಮಾತಾಡದ ಗಂಡ.
"ಸಿಪ್ಪೆ ಹರಿಯಬಾರದು," ಎಂದರು.
ಇಪ್ಪತ್ತಾರು ಹಣ್ಣು. ಲೈಟಿನ ಹುಡುಗರು
ತಿಂದೂ ತಿಂದೂ ಹೊಟ್ಟೆ ಹಿಡಿದುಕೊಂಡರು.
ಇಪ್ಪತ್ತೇಳನೆಯದರಲ್ಲಿ ಸಿಪ್ಪೆ ಹರಿಯಿತು,
ಅವಳ ಮಾತೂ ಹರಿಯಿತು.
ಅದನ್ನೇ ಇಟ್ಟುಕೊಂಡರು.

ನಾಲ್ಕು ದಿನ ಓಡಿತು ಆ ಚಿತ್ರ.
ಐದನೆಯ ಬೆಳಿಗ್ಗೆ ಅವಳ ಮುಖದ ಮೇಲೆ
ಕತ್ತಿಯವನ ಮುಖ ಅಂಟಿಸಿದ್ದರು,
ಮೈದಾಹಿಟ್ಟು ಇನ್ನೂ ಹಸಿ.

ಕಂಪನಿ ಕೈಬಿಟ್ಟ ಮೇಲೆ ಏಳು ವರ್ಷ
ವಾಷಿಂಗ್ ಮೆಷಿನ್ ಜಾಹೀರಾತು.
ಅಲ್ಲೂ ಅವರದು ಅದೇ ಹಟ:
ಮಗುವಿನ ಒದ್ದೆ ಕಾಲುಚೀಲ ಹಿಡಿದ ಕೈ
ಒಂದು ಉಸಿರು ತಡೆಯಬೇಕು.
"ಕೈ ಬೇಡವೆಂದೇ ಅಲ್ಲವೇನ್ರೀ ಮೆಷಿನ್ನು?"
ಎಂದರು ಮಾರುವವರು.

ಆಮೇಲೆ ಕುಶಿರೋ. ಹೆಪ್ಪುಗಟ್ಟಿದ ಬಂದರು,
ಬಾಡಿಗೆಯ ಕ್ಯಾಮೆರಾ, ಹೆಂಡತಿಯ ಪಿಯಾನೋ ಅಡವು.
ಮೀನು ಡಬ್ಬಿಯ ಕಾರ್ಖಾನೆಯ ಅಕ್ಕತಂಗಿ
ಸತ್ತ ತಾಯಿಯ ಒಂದು ಕೊಡೆಗಾಗಿ
ಮಾತು ಬಿಡುತ್ತಾರೆ.
ಕಥೆ ಅಷ್ಟೇ.
ಯುರೋಪಿನಿಂದ ಎಂಥದೋ ಬಹುಮಾನ ಬಂತು.
ಹೋಗಲಿಲ್ಲ, ಹಲ್ಲುನೋವು ಎಂದರು.
ವಿನಯ, ಮೌನ, ಏನೇನೋ ಬರೆದವು ಪತ್ರಿಕೆಗಳು.
ಹಲ್ಲುನೋವೇ. ನನ್ನ ಪುಸ್ತಕದಲ್ಲಿದೆ:
ಎಡ ದವಡೆ, ಊತ, ಗಂಜಿ ಅರ್ಧ ಬಟ್ಟಲು.

ಮೊನ್ನೆ, ಅವರ ನಲವತ್ತೊಂಬತ್ತನೆಯ ದಿನ,
ಬಂದವರೆಲ್ಲ ಎದ್ದುಹೋದ ಮೇಲೆ
ಇಸೊಕೊ ಹಣ್ಣು ಸುಲಿಯುತ್ತ ಕೂತರು.
ಸಿಪ್ಪೆ ಚೂರು ಚೂರು.
"ಆ ಪೇರಿನ ಜಗಳ ನಮ್ಮ ಅಡುಗೆಮನೆಯದು.
ಹೇಳದೆ ಕೇಳದೆ ಎತ್ತಿಕೊಂಡು ಹೋದರು.
ಥಿಯೇಟರಿನಲ್ಲಿ ಹನ್ನೊಂದು ಜನರ ನಡುವೆ ಕೂತು
ನನ್ನ ಮಾತು ನಾನೇ ಕೇಳಿಸಿಕೊಂಡೆ.
ಒಂದೇ ಒಂದು ತಪ್ಪು:
ನಾನು ಅತ್ತಿರಲಿಲ್ಲ.
ಅತ್ತದ್ದು ಅವರು."

ಬರೆದುಕೊಳ್ಳಲು ಕೈ ಚೀಲಕ್ಕೆ ಹೋಯಿತು,
ಬರಿಗೈ ವಾಪಸು ಬಂತು.
ತಟ್ಟೆ ನನ್ನ ಕಡೆ ಸರಿಸಿದರು. ತಿಂದೆ.
ಸ್ವಲ್ಪ ಬಲಿಯಬೇಕಿತ್ತು ಹಣ್ಣು.

ತಿರುಗಿ ಬರುವಾಗ ರೈಲಿನಲ್ಲಿ ತಟ್ಟನೆ:
ಇಸೊಕೊ ಚಾಕು ಹಿಡಿದದ್ದು
ಬಲಗೈಯಲ್ಲೋ, ಎಡಗೈಯಲ್ಲೋ?
ಮೂವತ್ತೆಂಟು ವರ್ಷದಲ್ಲಿ ಮೊದಲ ಸಲ
ನಾನು ನೋಡಿರಲಿಲ್ಲ.